ಕಸ್ಟಮ್ಸ್ ಫಾರಂನಲ್ಲಿ ಸಿಕ್ಕಿಬಿದ್ದ ಡೈನೋಸಾರ್

ಅಮೆರಿಕದ ಕೋರ್ಟಿನ ಕಡತದಲ್ಲಿ ಈ ಕೇಸಿನ ಹೆಸರು ಹೀಗಿದೆ: 'ಯುನೈಟೆಡ್ ಸ್ಟೇಟ್ಸ್ ಆಫ್ ಅಮೆರಿಕ ವರ್ಸಸ್ ಒನ್ ಟೈರನೋಸಾರಸ್ ಬಾತಾರ್ ಸ್ಕೆಲಿಟನ್'. ಫಿರ್ಯಾದಿ ಒಂದು ದೇಶ, ಪ್ರತಿವಾದಿ ಒಂದು ಅಸ್ಥಿಪಂಜರ. ತಮಾಷೆ ಅನಿಸುತ್ತೆ, ಅಲ್ವಾ? ಆದರೆ ತಮಾಷೆಯೇನೂ ಅಲ್ಲ. ಕಳ್ಳಸಾಗಣೆಯ ಮಾಲನ್ನು ಜಪ್ತಿ ಮಾಡುವಾಗ ಅಲ್ಲಿನ ಸರ್ಕಾರ ಮಾಲಿನ ಮೇಲೆಯೇ ದಾವೆ ಹೂಡಬಹುದು. ಮಾಲೀಕ ನಾನು ಅನ್ನುವವರು ಬೇಕಿದ್ದರೆ ಬಂದು ವಾದ ಮಾಡಲಿ, ಅಷ್ಟೇ.

ಈ ಪ್ರತಿವಾದಿ ಸುಮಾರು 8 ಅಡಿ ಎತ್ತರ, 24 ಅಡಿ ಉದ್ದ. ವಯಸ್ಸು 7 ಕೋಟಿ ವರ್ಷದ ಆಸುಪಾಸು. ಊರು ಮಂಗೋಲಿಯಾದ ಗೋಬಿ ಮರುಭೂಮಿ. ಇದನ್ನು ಊರಿಗೆ ವಾಪಸ್ ಕರೆಸಿದವರಲ್ಲಿ ಮುಖ್ಯವಾದವರು ತ್ಸೆದೆವ್‌ದಂಬಾ ಒಯುಂಗೆರೆಲ್. ಕೇಸು ಶುರುವಾದಾಗ ಅವರು ಮಂಗೋಲಿಯಾದ ಅಧ್ಯಕ್ಷ ಎಲ್ಬೆಗ್ದೋರ್ಜ್ ಅವರ ಸಲಹೆಗಾರ್ತಿ. ಮುಗಿಯುವ ಹೊತ್ತಿಗೆ ಸಂಸ್ಕೃತಿ, ಕ್ರೀಡೆ ಮತ್ತು ಪ್ರವಾಸೋದ್ಯಮ ಸಚಿವೆ. (ಮಂಗೋಲಿಯಾದಲ್ಲಿ ತಂದೆಯ ಹೆಸರು ಮೊದಲು ಬರುತ್ತದೆ, ನಮ್ಮ ಇನಿಷಿಯಲ್ ಥರ. ಕರೆಯುವ ಹೆಸರು ಒಯುಂಗೆರೆಲ್.)

ಸಣ್ಣ ದೇಶವೊಂದು ದೊಡ್ಡ ದೇಶದಿಂದ ತನ್ನ ವಸ್ತು ಬಿಡಿಸಿಕೊಂಡ ಕಥೆ ಅಂತಲೇ ಎಲ್ಲರೂ ಇದನ್ನು ಹೇಳುತ್ತಾರೆ. ಅದು ನಿಜವೇ. ಆದರೆ ಹೇಗೆ ಬಿಡಿಸಿಕೊಂಡಿತು ಅನ್ನುವುದನ್ನು ಹತ್ತಿರದಿಂದ ನೋಡಿದರೆ ಸ್ವಾರಸ್ಯ ಬೇರೆ ಕಡೆ ಇದೆ. ದೇಶಾಭಿಮಾನದ ಭಾಷಣಕ್ಕಿಂತ ಜಾಸ್ತಿ ಕೆಲಸ ಮಾಡಿದ್ದು ಒಂದು ಹಳೇ ಕಾನೂನು, ಒಂದು ಸುಳ್ಳು ಫಾರಂ, ಮತ್ತು ಸರಿಯಾದ ಸಮಯಕ್ಕೆ ಸರಿಯಾದ ವಕೀಲರಿಗೆ ಹೋದ ಕರೆ.

ಹರಾಜಿಗೆ ಎರಡು ದಿನ ಮೊದಲು

2012ರ ಮೇ ತಿಂಗಳು. ಹೆರಿಟೇಜ್ ಆಕ್ಷನ್ಸ್ ಎಂಬ ಅಮೆರಿಕದ ಹರಾಜು ಸಂಸ್ಥೆ ನ್ಯೂಯಾರ್ಕಿನಲ್ಲಿ ಒಂದು ದೊಡ್ಡ ಮಾಂಸಾಹಾರಿ ಡೈನೋಸಾರಿನ ಅಸ್ಥಿಪಂಜರವನ್ನು ಮಾರಾಟಕ್ಕಿಟ್ಟಿತ್ತು. ಕ್ಯಾಟಲಾಗಿನಲ್ಲಿ ಅಂದಾಜು ಬೆಲೆ ಲಕ್ಷಗಟ್ಟಲೆ ಡಾಲರ್. ಹೆಸರು 'ಟೈರನೋಸಾರಸ್ ಬಾತಾರ್' ಎಂದಿತ್ತು. ಇವತ್ತಿನ ಹೆಚ್ಚಿನ ವಿಜ್ಞಾನಿಗಳು ಇದನ್ನೇ ಟಾರ್ಬೋಸಾರಸ್ ಅನ್ನುತ್ತಾರೆ. ಅಮೆರಿಕದ ಟಿ-ರೆಕ್ಸ್‌ಗೆ ಏಷ್ಯಾದ ದಾಯಾದಿ.

ಸುದ್ದಿ ಬೊಲೋರ್ತ್ಸೆತ್ಸೆಗ್ ಮಿಂಜಿನ್ ಅವರ ಕಣ್ಣಿಗೆ ಬಿತ್ತು. ಇವರು ಮಂಗೋಲಿಯಾದ ಪಳೆಯುಳಿಕೆ ವಿಜ್ಞಾನಿ. ಅಮೆರಿಕದಲ್ಲಿ ಓದಿ, ಸ್ವಂತ ದೇಶದ ಡೈನೋಸಾರುಗಳ ಅಧ್ಯಯನಕ್ಕೆ ಒಂದು ಸಂಸ್ಥೆ ಕಟ್ಟಿದವರು. ಟಾರ್ಬೋಸಾರಸ್‌ನ ಇಂಥ ಪೂರ್ತಿ ಎಲುಬುಗೂಡು ಎಲ್ಲಿಂದ ಬಂದಿರಬಹುದು ಅಂತ ಅವರಿಗೆ ಯಾರೂ ಹೇಳಿಕೊಡಬೇಕಿರಲಿಲ್ಲ. ತಕ್ಷಣ ಒಯುಂಗೆರೆಲ್ ಅವರಿಗೆ ತಿಳಿಸಿದರು.

ಒಯುಂಗೆರೆಲ್ ಆಗ ಮಂಗೋಲಿಯಾದ ರಾಜಧಾನಿ ಉಲಾನ್‌ಬಾತರಿನಲ್ಲಿ ಸಂಸತ್ ಚುನಾವಣೆಯ ಗಡಿಬಿಡಿಯಲ್ಲಿದ್ದರು. ಜೂನ್ ಕೊನೆಗೆ ಮತದಾನ. ಇಂಥ ಹೊತ್ತಲ್ಲಿ ಸಾಮಾನ್ಯವಾಗಿ ಏನಾಗುತ್ತದೆ? ಫೈಲು ವಿದೇಶಾಂಗ ಇಲಾಖೆಗೆ ಹೋಗುತ್ತದೆ, ಅಲ್ಲಿಂದ ರಾಯಭಾರ ಕಚೇರಿಗೆ ಪತ್ರ, ಅಲ್ಲಿಂದ ಇನ್ನೊಂದು ಪತ್ರ. ಅಷ್ಟರಲ್ಲಿ ಮಾಲು ಯಾರದೋ ಬಂಗಲೆಯ ಹಾಲಿನಲ್ಲಿ ನಿಂತಿರುತ್ತದೆ. ಇಲ್ಲಿ ಹಾಗಾಗಲಿಲ್ಲ. ಸ್ಟ್ಯಾನ್‌ಫರ್ಡ್‌ನಲ್ಲಿ ಓದಿದ್ದ ಒಯುಂಗೆರೆಲ್‌ಗೆ ಅಮೆರಿಕದ ರೀತಿನೀತಿ ಗೊತ್ತಿತ್ತು. ಅಲ್ಲಿ ಪತ್ರಕ್ಕಿಂತ ಕೋರ್ಟಿನ ಆದೇಶಕ್ಕೆ ಬೆಲೆ ಜಾಸ್ತಿ ಅನ್ನುವುದೂ ಗೊತ್ತಿತ್ತು. ಮೇ 18ರಂದು ಅಧ್ಯಕ್ಷರ ಕಡೆಯಿಂದ ಬಹಿರಂಗ ಆಕ್ಷೇಪ ಹೊರಬಂತು. ಜೊತೆಗೆ ಟೆಕ್ಸಸ್‌ನ ಹೂಸ್ಟನ್ ನಗರದ ವಕೀಲ ರಾಬರ್ಟ್ ಪೇಂಟರ್ ಕೆಲಸಕ್ಕೆ ಇಳಿದರು.

ಹರಾಜು ನಡೆಯುವುದು ನ್ಯೂಯಾರ್ಕಿನಲ್ಲಿ, ಆದರೆ ತಡೆಯಾಜ್ಞೆ ಕೇಳಿದ್ದು ಟೆಕ್ಸಸ್‌ನಲ್ಲಿ. ಯಾಕೆ? ಹರಾಜು ಸಂಸ್ಥೆಯ ಮುಖ್ಯ ಕಚೇರಿ ಇರುವುದು ಡಲ್ಲಾಸ್‌ನಲ್ಲಿ. ಅಲ್ಲಿನ ಜಡ್ಜ್ ಆದೇಶ ಕೊಟ್ಟರೆ ಸಂಸ್ಥೆ ಎಲ್ಲೇ ಮಳಿಗೆ ಹಾಕಿದರೂ ಅದಕ್ಕೆ ಬದ್ಧ. ವಾರಾಂತ್ಯದಲ್ಲೇ ಡಲ್ಲಾಸ್‌ನ ಜಡ್ಜ್ ಕಾರ್ಲೋಸ್ ಕಾರ್ಟೆಜ್ ತಾತ್ಕಾಲಿಕ ತಡೆಯಾಜ್ಞೆ ಕೊಟ್ಟರು.

ಮೇ 20, ಭಾನುವಾರ. ಚೆಲ್ಸಿ ಬಡಾವಣೆಯ ಹರಾಜಿನ ಹಾಲ್. ಡೈನೋಸಾರಿನ ಸರದಿ ಬಂತು. ಪೇಂಟರ್ ಎದ್ದು ನಿಂತರು, ಕೈಯಲ್ಲಿ ಮೊಬೈಲು. ಆ ಕಡೆ ಲೈನಿನಲ್ಲಿ ಖುದ್ದು ಜಡ್ಜ್ ಇದ್ದರು. ಮಾರಾಟ ಆದೇಶಕ್ಕೆ ವಿರುದ್ಧ ಅಂತ ಪೇಂಟರ್ ಹೇಳಿದರೂ ಕೂಗು ನಿಲ್ಲಲಿಲ್ಲ. ಸುತ್ತಿಗೆ ಬಿತ್ತು. ಬೆಲೆ ಕಮಿಷನ್ ಸೇರಿ 10,52,500 ಡಾಲರ್. ಆದರೆ ಒಂದು ಷರತ್ತು ಸೇರಿಕೊಂಡಿತು: ಕೋರ್ಟಿನ ತೀರ್ಮಾನ ಆಗುವವರೆಗೆ ಮಾಲು ಕೈ ಬದಲಾಗುವುದಿಲ್ಲ.

ಉಲಾನ್‌ಬಾತರ್ ನ್ಯೂಯಾರ್ಕಿಗಿಂತ ಆಗ 12 ಗಂಟೆ ಮುಂದೆ. ಒಂದು ಕಡೆ ಹಗಲು ಅಂದರೆ ಇನ್ನೊಂದು ಕಡೆ ರಾತ್ರಿ. ಈ ಓಡಾಟ ಪೂರ್ತಿ ಹೀಗೆ ಹಗಲು-ರಾತ್ರಿಯ ಫೋನುಗಳ ಮೇಲೆ ನಡೆಯಿತು. ಗೆದ್ದಿದ್ದು ಇನ್ನೂ ಏನೂ ಇಲ್ಲ. ಸಿಕ್ಕಿದ್ದು ಸಮಯ ಮಾತ್ರ. ಆದರೆ ನನ್ನ ಲೆಕ್ಕದಲ್ಲಿ ಪೂರ್ತಿ ಪ್ರಕರಣದ ಅತಿ ದೊಡ್ಡ ಗೆಲುವು ಇದೇ. ಖಾಸಗಿ ಸಂಗ್ರಹಕ್ಕೆ ಒಮ್ಮೆ ಸೇರಿದ ಪಳೆಯುಳಿಕೆಯನ್ನು ಹುಡುಕುವುದೇ ಕಷ್ಟ.

'ಗ್ರೇಟ್ ಬ್ರಿಟನ್'ನಲ್ಲಿ ಹುಟ್ಟಿದ ಎಲುಬುಗಳು

ಈಗ ಮುಖ್ಯ ಪ್ರಶ್ನೆ. ಇದು ಮಂಗೋಲಿಯಾದ್ದೇ ಅಂತ ಸಾಬೀತು ಮಾಡುವುದು ಹೇಗೆ? ಡೈನೋಸಾರಿಗೆ ಪಾಸ್‌ಪೋರ್ಟ್ ಇಲ್ಲವಲ್ಲ. ಗೋಬಿ ಮರುಭೂಮಿ ಚೀನಾದ ಒಳಕ್ಕೂ ಹಬ್ಬಿದೆ. ಹರಾಜು ಸಂಸ್ಥೆಯವರು ಇದು ಕಾನೂನು ಪ್ರಕಾರವೇ ದೇಶದೊಳಗೆ ಬಂದಿದೆ ಎಂಬ ನಿಲುವಿನಲ್ಲಿದ್ದರು.

ಜೂನ್ 5ರಂದು ಮಂಗೋಲಿಯಾದ ಕಡೆಯ ತಜ್ಞರಿಗೆ ಎಲುಬು ನೋಡಲು ಅವಕಾಶ ಸಿಕ್ಕಿತು. ಬೊಲೋರ್ತ್ಸೆತ್ಸೆಗ್ ಇದ್ದರು. ಕೆನಡಾದ ಫಿಲಿಪ್ ಕರಿ ಇದ್ದರು. ಟಾರ್ಬೋಸಾರಸ್ ಬಗ್ಗೆ ಇಡೀ ಜಗತ್ತು ಯಾರನ್ನು ಕೇಳುತ್ತದೋ ಅಂಥವರು. ಎಲುಬಿನ ಬಣ್ಣ, ಅದಕ್ಕೆ ಅಂಟಿದ ಕಲ್ಲಿನ ಗುಣ, ಮೂಳೆಗಳ ಆಕಾರ ಎಲ್ಲ ನೋಡಿ ಅವರು ಹೇಳಿದ್ದು: ಇದು ಪಶ್ಚಿಮ ಗೋಬಿಯ ನೆಮೆಗ್ಟ್ ಪ್ರದೇಶದ್ದು, ಅಗೆದಿರುವುದು 1995ರಿಂದ 2005ರ ನಡುವೆ. ಈ ಜಾತಿಯ ಮೊದಲ ಎಲುಬುಗಳು ಸಿಕ್ಕಿದ್ದೂ ನೆಮೆಗ್ಟ್‌ನಲ್ಲೇ, 1940ರ ದಶಕದ ಸೋವಿಯತ್-ಮಂಗೋಲಿಯಾ ಜಂಟಿ ಶೋಧದಲ್ಲಿ. 1955ರಲ್ಲಿ ರಷ್ಯಾದ ಮಲೇಯೆವ್ ಅದಕ್ಕೆ ಹೆಸರಿಟ್ಟರು.

ಅಗೆದ ಕಾಲ ಯಾಕೆ ಮುಖ್ಯ? ಮಂಗೋಲಿಯಾ 1924ರಿಂದಲೇ ಇಂಥ ಪ್ರಾಚೀನ ವಸ್ತುಗಳು ಸರ್ಕಾರದ ಸ್ವತ್ತು ಅಂತ ಕಾನೂನು ಮಾಡಿಕೊಂಡಿದೆ. ಆ ಕಾನೂನು ಆಮೇಲೆ ಹಲವು ಸಲ ಬದಲಾಯಿತು, ಬಿಗಿಯಾಯಿತು. 1992ರ ಸಂವಿಧಾನದಲ್ಲೂ ಇತಿಹಾಸ, ಸಂಸ್ಕೃತಿ, ವಿಜ್ಞಾನದ ಸ್ವತ್ತಿಗೆ ಸರ್ಕಾರದ ರಕ್ಷಣೆ ಇದೆ. ಅಂದರೆ 1995ರ ನಂತರ ಗೋಬಿಯಲ್ಲಿ ಅಗೆದು ಹೊರಗೆ ಸಾಗಿಸಿದ ಎಲುಬಿಗೆ ಕಾನೂನಿನ ದಾರಿಯೇ ಇಲ್ಲ. ಖಾಸಗಿ ಮಾರಾಟಕ್ಕೆ ಬಂದಿದೆ ಅಂದರೆ ಕದ್ದ ಮಾಲೇ.

1924ಕ್ಕೆ ಹಿಂದಿನ ಒಂದು ಕಥೆ ಇಲ್ಲಿ ಹೇಳಲೇಬೇಕು. 1923ರಲ್ಲಿ ರಾಯ್ ಚಾಪ್‌ಮನ್ ಆಂಡ್ರೂಸ್ ನೇತೃತ್ವದ ಅಮೆರಿಕದ ತಂಡಕ್ಕೆ ಗೋಬಿಯ ಬಯಾನ್‌ಜಾಗ್‌ನಲ್ಲಿ ಡೈನೋಸಾರ್ ಮೊಟ್ಟೆಗಳ ಗೂಡು ಸಿಕ್ಕಿತು. ಜಗತ್ತೇ ಬಾಯಿ ಬಿಟ್ಟು ನೋಡಿತು. ತಂಡ ಊರಿಗೆ ಮರಳಿದ ಮೇಲೆ ಹಣ ಕೂಡಿಸಲು ಒಂದು ಮೊಟ್ಟೆಯನ್ನು ಹರಾಜು ಹಾಕಿದರು. 5,000 ಡಾಲರಿಗೆ ಹೋಯಿತು. ಆಮೇಲೆ ಆಂಡ್ರೂಸ್ ಇದಕ್ಕಾಗಿ ತುಂಬಾ ಪಶ್ಚಾತ್ತಾಪ ಪಟ್ಟರು. ಏಕೆಂದರೆ ಇವರು ವಿಜ್ಞಾನದ ಹೆಸರಲ್ಲಿ ಬಂದು ಮೊಟ್ಟೆಗೆ ಐದೈದು ಸಾವಿರ ಎಣಿಸುತ್ತಿದ್ದಾರೆ ಅಂತ ಅಲ್ಲಿನ ಅಧಿಕಾರಿಗಳಿಗೆ ಅನುಮಾನ ಬಂತು. ಪರವಾನಗಿ ಸಿಗುವುದು ಕಷ್ಟವಾಯಿತು. ಗೋಬಿಯ ಪಳೆಯುಳಿಕೆ ಮತ್ತು ನ್ಯೂಯಾರ್ಕಿನ ದುಡ್ಡಿನ ನಂಟು ಅಷ್ಟು ಹಳೆಯದು.

ಸರಿ, ಕಾನೂನು ಇದೆ. ಆದರೆ ಮಂಗೋಲಿಯಾದ ಕಾನೂನು ತೋರಿಸಿದ ಮಾತ್ರಕ್ಕೆ ಅಮೆರಿಕದ ಪೊಲೀಸರು ಓಡಿ ಬರುವುದಿಲ್ಲ. ಅಲ್ಲಿನ ಸರ್ಕಾರಕ್ಕೆ ಅಲ್ಲಿನದೇ ಕಾನೂನು ಮುರಿದ ಪುರಾವೆ ಬೇಕು. ಅದು ಸಿಕ್ಕಿದ್ದು ಕಸ್ಟಮ್ಸ್ ಕಾಗದದಲ್ಲಿ.

ಈ ಅಸ್ಥಿಪಂಜರದ ಎಲುಬುಗಳು 2010ರ ಮಾರ್ಚಿನಲ್ಲಿ ಬ್ರಿಟನ್‌ನಿಂದ ಅಮೆರಿಕಕ್ಕೆ ಬಂದಿದ್ದವು. ತರಿಸಿದವರು ಫ್ಲಾರಿಡಾದ ಗೇನ್ಸ್‌ವಿಲ್‌ನ ಪಳೆಯುಳಿಕೆ ವ್ಯಾಪಾರಿ ಎರಿಕ್ ಪ್ರೊಕೋಪಿ. ಫಾರಂನಲ್ಲಿ 'ಮೂಲ ದೇಶ' ಅನ್ನುವ ಜಾಗದಲ್ಲಿ ಬರೆದದ್ದು: ಗ್ರೇಟ್ ಬ್ರಿಟನ್. ಬೆಲೆ: 15,000 ಡಾಲರ್. ಮಾಲಿನ ವಿವರದಲ್ಲಿ ಸರೀಸೃಪದ ತಲೆಗಳು, ಪೆಟ್ಟಿಗೆಗಟ್ಟಲೆ ಒಡೆದ ಎಲುಬು ಅಂತ ಮಾತ್ರ ಇತ್ತು. ಡೈನೋಸಾರ್ ಅನ್ನುವ ಪದ ಇರಲಿಲ್ಲ, ಮಂಗೋಲಿಯಾ ಅನ್ನುವ ಹೆಸರೂ ಇರಲಿಲ್ಲ. ಎರಡೇ ವರ್ಷದಲ್ಲಿ ಅದೇ ಎಲುಬಿಗೆ ಹತ್ತು ಲಕ್ಷ ಡಾಲರ್! ಜೋಡಿಸಿ, ತಿದ್ದಿ, ನಿಲ್ಲಿಸುವುದು ದೊಡ್ಡ ಕೆಲಸವೇ, ಒಪ್ಪೋಣ. ಆದರೂ ಆ ಅಂತರ ನೋಡಿದರೆ ಯಾವ ಅಧಿಕಾರಿಗಾದರೂ ಹುಬ್ಬು ಮೇಲೇರದೆ ಇರದು.

ಟಾರ್ಬೋಸಾರಸ್ ಬ್ರಿಟನ್ನಿನ ಪ್ರಾಣಿಯಲ್ಲ. ಹಾಗಾಗಿ ಫಾರಂ ಸುಳ್ಳು. ಸುಳ್ಳು ಹೇಳಿಕೆ ಕೊಟ್ಟು ಒಳಗೆ ತಂದ ಮಾಲನ್ನು ಅಮೆರಿಕ ಜಪ್ತಿ ಮಾಡಬಹುದು. ಜೊತೆಗೆ ಮಂಗೋಲಿಯಾದ ಕಾನೂನಿನ ಪ್ರಕಾರ ಅದು ಸರ್ಕಾರದ ಸ್ವತ್ತಾದ್ದರಿಂದ ಕದ್ದ ಮಾಲು ಸಾಗಿಸಿದ ಆರೋಪವೂ ಕೂತುಕೊಳ್ಳುತ್ತದೆ. ಒಂದು ಕಾಲು ಮಂಗೋಲಿಯಾದ ಕಾನೂನಿನ ಮೇಲೆ, ಇನ್ನೊಂದು ಕಾಲು ಅಮೆರಿಕದ ಕಾನೂನಿನ ಮೇಲೆ. ಎರಡರಲ್ಲಿ ಯಾವುದೊಂದು ಇಲ್ಲದಿದ್ದರೂ ಕೇಸು ಕುಂಟುತ್ತಿತ್ತು.

ಜೂನ್ 18ರಂದು ನ್ಯೂಯಾರ್ಕಿನ ಫೆಡರಲ್ ಪ್ರಾಸಿಕ್ಯೂಟರ್ ಪ್ರೀತ್ ಭರಾರ ದಾವೆ ಹೂಡಿದರು. ಹೆಸರು ಕೇಳಿದ್ದೀರಿ ಅನಿಸುತ್ತೆ. ಪಂಜಾಬಿನ ಫಿರೋಜ್‌ಪುರದಲ್ಲಿ ಹುಟ್ಟಿದವರು. 2013ರ ಡಿಸೆಂಬರಿನಲ್ಲಿ ಭಾರತದ ರಾಜತಾಂತ್ರಿಕ ಅಧಿಕಾರಿ ದೇವಯಾನಿ ಖೋಬ್ರಗಡೆ ನ್ಯೂಯಾರ್ಕಿನಲ್ಲಿ ಬಂಧನವಾದ ಪ್ರಕರಣದಲ್ಲಿ ನಮ್ಮವರು ಇವರ ಮೇಲೆ ಕೆಂಡ ಕಾರಿದ್ದರು. ಅದೇ ಕಚೇರಿ ಅದಕ್ಕೂ ಮೊದಲು ಮಂಗೋಲಿಯಾದವರಿಗೆ ಆಪದ್ಬಾಂಧವ ಆಗಿತ್ತು. ಜೂನ್ 22ರಂದು ಅಸ್ಥಿಪಂಜರ ಸರ್ಕಾರದ ವಶಕ್ಕೆ ಬಂತು.

ವ್ಯಾಪಾರಿಯ ಕಡೆಯ ಮಾತು

ಪ್ರೊಕೋಪಿ ಸುಮ್ನೆ ಕೂರಲಿಲ್ಲ. ಇದು ಒಂದೇ ಪ್ರಾಣಿಯ ಎಲುಬಲ್ಲ, ಬೇರೆ ಬೇರೆ ಕಡೆಯಿಂದ ಬಂದ ತುಂಡುಗಳನ್ನು ಜೋಡಿಸಿದ್ದು, ಕೆಲವು ಭಾಗ ಕೃತಕ ಅಂತ ಅವರ ವಕೀಲರು ವಾದಿಸಿದರು. ಮಂಗೋಲಿಯಾದ ಕಾನೂನು ಸ್ಪಷ್ಟವಾಗಿಲ್ಲ ಅಂತಲೂ ಹೇಳಿದರು. ನವೆಂಬರಿನಲ್ಲಿ ಜಡ್ಜ್ ಕೆವಿನ್ ಕ್ಯಾಸ್ಟಲ್ ದಾವೆಯನ್ನು ವಜಾ ಮಾಡಲು ಒಪ್ಪಲಿಲ್ಲ.

ಅದಕ್ಕೂ ಮುಂಚೆಯೇ, ಅಕ್ಟೋಬರ್ 17ರಂದು, ಪ್ರೊಕೋಪಿಯ ಬಂಧನವಾಗಿತ್ತು. ವಸ್ತುವಿನ ಮೇಲಿನ ದಾವೆ ಈಗ ಮನುಷ್ಯನ ಮೇಲಿನ ಕ್ರಿಮಿನಲ್ ಕೇಸೂ ಆಯಿತು. ಡಿಸೆಂಬರ್ ಕೊನೆಗೆ ಅವರು ತಪ್ಪೊಪ್ಪಿಕೊಂಡರು, ಡೈನೋಸಾರ್ ಬಿಟ್ಟುಕೊಟ್ಟರು. ಬೇರೆ ಪಳೆಯುಳಿಕೆಗಳನ್ನೂ ಒಪ್ಪಿಸಿದರು. ಅದರಲ್ಲಿ ಇನ್ನೊಂದು ಟಾರ್ಬೋಸಾರಸ್ ಕೂಡ ಇತ್ತು. ಕಾನೂನಿನ ಪ್ರಕಾರ ವರ್ಷಗಟ್ಟಲೆ ಜೈಲು ಆಗಬಹುದಿತ್ತು. ತನಿಖೆಗೆ ಸಹಕರಿಸಿದ್ದರಿಂದ 2014ರ ಜೂನ್‌ನಲ್ಲಿ ಆಗಿದ್ದು ಮೂರು ತಿಂಗಳ ಶಿಕ್ಷೆ.

ಮೂರು ತಿಂಗಳು ಕಡಿಮೆಯಾಯಿತು ಅಂತ ಸಿಟ್ಟಾದವರಿದ್ದಾರೆ. ನನಗೆ ಹಾಗನ್ನಿಸುವುದಿಲ್ಲ. ಗೋಬಿಯ ಎಲುಬು, ಮೊಟ್ಟೆ, ತಲೆಬುರುಡೆಗಳು ವರ್ಷಗಳ ಕಾಲ ಅಮೆರಿಕದ ಪಳೆಯುಳಿಕೆ ಸಂತೆಗಳಲ್ಲಿ ರಾಜಾರೋಷವಾಗಿ ಮಾರಾಟವಾಗುತ್ತಿದ್ದವು. ಯಾರೂ ಕೇಳುತ್ತಿರಲಿಲ್ಲ. ಪ್ರೊಕೋಪಿ ಮೊದಲ ಕಳ್ಳನೇನಲ್ಲ, ದೊಡ್ಡದಾಗಿ ಸಿಕ್ಕಿಬಿದ್ದ ಮೊದಲಿಗ. ಅವರ ಬಾಯಿಂದ ಹೊರಬಂದ ಮಾಹಿತಿ ಅವರ ಜೈಲುವಾಸಕ್ಕಿಂತ ಮಂಗೋಲಿಯಾಕ್ಕೆ ಜಾಸ್ತಿ ಉಪಯೋಗಕ್ಕೆ ಬಂತು. ಆಮೇಲಿನ ವರ್ಷಗಳಲ್ಲಿ ಒಂದರ ಹಿಂದೊಂದು ಪಳೆಯುಳಿಕೆ ವಾಪಸ್ ಹೋಯಿತು. ಹಾಲಿವುಡ್ ನಟ ನಿಕೋಲಸ್ ಕೇಜ್ 2007ರಲ್ಲಿ 2,76,000 ಡಾಲರ್ ಕೊಟ್ಟು ಕೊಂಡಿದ್ದ ಟಾರ್ಬೋಸಾರಸ್ ತಲೆಬುರುಡೆಯನ್ನೂ 2015ರಲ್ಲಿ ಬಿಟ್ಟುಕೊಡಬೇಕಾಯಿತು. ಅದು ಕದ್ದ ಮಾಲು ಅಂತ ಅವರಿಗೆ ಗೊತ್ತಿರಲಿಲ್ಲ, ಅವರ ಮೇಲೆ ಆರೋಪವೂ ಇರಲಿಲ್ಲ.

ಗೆದ್ದಾಯಿತು, ಇಡುವುದೆಲ್ಲಿ?

ಈ ನಡುವೆ ಒಯುಂಗೆರೆಲ್ ಸಂಸತ್ತಿಗೆ ಗೆದ್ದು, 2012ರ ಆಗಸ್ಟಿನಲ್ಲಿ ಸಚಿವೆಯಾಗಿದ್ದರು. 2013ರ ಮೇ 6ರಂದು ನ್ಯೂಯಾರ್ಕಿನಲ್ಲಿ ಅಮೆರಿಕ ಸರ್ಕಾರ ಡೈನೋಸಾರನ್ನು ವಿಧಿವತ್ತಾಗಿ ಒಪ್ಪಿಸಿದಾಗ ಮಂಗೋಲಿಯಾದ ಪರವಾಗಿ ಪಡೆದುಕೊಂಡವರು ಅವರೇ.

ಇಲ್ಲಿಂದ ಮುಂದಿನದು ವಕೀಲರ ಕೆಲಸವಲ್ಲ, ಸಚಿವರ ಕೆಲಸ. ಮತ್ತು ನನಗೆ ಇದೇ ಭಾಗ ಜಾಸ್ತಿ ಇಷ್ಟ. ಯಾಕೆಂದರೆ ವಾಪಸ್ ಬಂದ ಸ್ವತ್ತು ಗೋದಾಮಿನಲ್ಲಿ ಧೂಳು ತಿನ್ನುವುದನ್ನು ನಾವು ಎಷ್ಟು ನೋಡಿಲ್ಲ! ವಿದೇಶದಿಂದ ಬಂದ ವಿಗ್ರಹಕ್ಕೆ ವಿಮಾನ ನಿಲ್ದಾಣದಲ್ಲಿ ಹಾರ, ಆಮೇಲೆ ಬೀಗ.

ಮಂಗೋಲಿಯಾಕ್ಕೂ ಅದೇ ಕಷ್ಟ ಎದುರಾಯಿತು. ಉಲಾನ್‌ಬಾತರಿನಲ್ಲಿ ಪ್ರಾಕೃತಿಕ ಇತಿಹಾಸದ ಹಳೇ ಮ್ಯೂಸಿಯಂ ಒಂದಿತ್ತು. ದೇಶದ ಹೆಸರಾಂತ ಡೈನೋಸಾರುಗಳೆಲ್ಲ ಅಲ್ಲೇ. ಆದರೆ ಕಟ್ಟಡ ಹಳತು, ಸುರಕ್ಷಿತವಲ್ಲ ಅಂತ ಮುಚ್ಚಬೇಕಾದ ಸ್ಥಿತಿ. ಹೊಸ ಅತಿಥಿಗೆ ಜಾಗ ಇಲ್ಲ.

ಮೊದಲು ಮಾಡಿದ್ದು ಸರಳ ಉಪಾಯ. ರಾಜಧಾನಿಯ ನಡುವಿನ ಸುಖ್‌ಬಾತರ್ ಚೌಕದಲ್ಲಿ ತಾತ್ಕಾಲಿಕ ಮಂಟಪ ಹಾಕಿ 2013ರ ಜೂನ್‌ನಲ್ಲಿ ಜನರ ಮುಂದೆ ನಿಲ್ಲಿಸಿದರು. ಜೂನ್ ಅಂದರೆ ಅಲ್ಲಿ ಬೇಸಿಗೆಯ ಶುರು. ಜುಲೈ 11ಕ್ಕೆ ನಾದಮ್ ಹಬ್ಬ: ಕುಸ್ತಿ, ಕುದುರೆ ಓಟ, ಬಿಲ್ಲುಗಾರಿಕೆ. ಹಳ್ಳಿಯವರು ಪಟ್ಟಣಕ್ಕೆ ಬರುವ, ಪ್ರವಾಸಿಗರು ದೇಶಕ್ಕೆ ಬರುವ ಕಾಲ. ಕೊರೆಯುವ ಚಳಿಯ ಆ ದೇಶಕ್ಕೆ ಪ್ರವಾಸದ ಕಾಲ ಅಂತ ಇರುವುದೇ ಈ ಕೆಲವು ತಿಂಗಳು. ಜನ ಸಾಲುಗಟ್ಟಿ ನೋಡಿದರು. ಮಂಗೋಲಿಯಾದಲ್ಲಿ ಡೈನೋಸಾರ್ ಸಿಗುತ್ತದೆ ಅಂತ ಹೊರಗಿನ ವಿಜ್ಞಾನಿಗಳಿಗೆ ಗೊತ್ತಿದ್ದಷ್ಟು ಅಲ್ಲಿನ ಸಾಮಾನ್ಯ ಜನರಿಗೆ ಗೊತ್ತಿರಲಿಲ್ಲ. ಅವರು ಹೆಮ್ಮೆ ಪಡುತ್ತಿದ್ದದ್ದು ಚೆಂಗಿಸ್ ಖಾನನ ಬಗ್ಗೆ. ಪತ್ರಿಕೆಯಲ್ಲಿ ತಿಂಗಳುಗಟ್ಟಲೆ ಓದಿದ ಕೋರ್ಟ್ ಕೇಸು ಈಗ ಕಣ್ಣ ಮುಂದೆ ಹಲ್ಲು ತೆರೆದು ನಿಂತಿತ್ತು.

ಎರಡನೆಯದು ಕಾಯಂ ಮನೆ. ಕಣ್ಣು ಬಿದ್ದದ್ದು ಲೆನಿನ್ ಮ್ಯೂಸಿಯಂ ಮೇಲೆ. ಕಮ್ಯುನಿಸ್ಟ್ ಕಾಲದಲ್ಲಿ ಕಟ್ಟಿದ ಗಟ್ಟಿ ಕಟ್ಟಡ, ಒಳಗೆ ಲೆನಿನ್‌ನ ಭಾರಿ ತಲೆ. 1990ರ ನಂತರ ಅದರ ಮೂಲ ಉದ್ದೇಶವೇ ಹೋಗಿತ್ತು. ಅದನ್ನು ಸರ್ಕಾರ ಡೈನೋಸಾರುಗಳ ಕೇಂದ್ರ ಮ್ಯೂಸಿಯಂ ಮಾಡಿತು. ಅಳಿದುಹೋದ ಎರಡು ಬಗೆಯ ದೈತ್ಯರು ಒಂದೇ ಸೂರಿನಡಿ ಅಂತ ನಗಾಡಿದವರಿದ್ದಾರೆ. ನಗಲಿ. ಹೊಸ ಕಟ್ಟಡಕ್ಕೆ ಟೆಂಡರ್ ಕರೆದು, ಶಂಕುಸ್ಥಾಪನೆ ಮಾಡಿ, ಹತ್ತು ವರ್ಷ ಕಾಯುವ ಬದಲು ಇರುವ ಕಟ್ಟಡದಲ್ಲಿ ಬಾಗಿಲು ತೆರೆದದ್ದು ಜಾಣತನ.

ಸಂಸ್ಕೃತಿ ಮತ್ತು ಪ್ರವಾಸೋದ್ಯಮ ಒಬ್ಬರದೇ ಖಾತೆಯಲ್ಲಿ ಇದ್ದದ್ದು ಇಲ್ಲಿ ಅನುಕೂಲವಾಯಿತು. ಸಾಮಾನ್ಯವಾಗಿ ಈ ಎರಡಕ್ಕೂ ಜಗಳ. ಒಬ್ಬರಿಗೆ ಮುಟ್ಟದೆ ಕಾಪಾಡಬೇಕು, ಇನ್ನೊಬ್ಬರಿಗೆ ಬಸ್ಸುಗಟ್ಟಲೆ ಜನರನ್ನು ಕರೆತರಬೇಕು. ಡೈನೋಸಾರ್ ವಿಷಯದಲ್ಲಿ ಮಾತ್ರ ಎರಡೂ ಒಂದೇ ದಾರಿ ಹಿಡಿದವು. ಬಯಾನ್‌ಜಾಗ್‌ನ ಕೆಂಪು ಬಂಡೆಗಳನ್ನು ನೋಡಲು ಬರುವ ಪ್ರವಾಸಿಗನಿಂದ ಸುತ್ತಲಿನ ಕುರಿಗಾಹಿ ಕುಟುಂಬಕ್ಕೆ ಒಂದಿಷ್ಟು ದುಡ್ಡು ಸಿಕ್ಕಿದರೆ, ಕಲ್ಲಲ್ಲಿ ಕಂಡ ಎಲುಬನ್ನು ಕಳ್ಳರಿಗೆ ತೋರಿಸಿಕೊಡುವ ಆಸೆ ಕಡಿಮೆಯಾದೀತು. ಕಾವಲು ಕಾಯಲು ಅಷ್ಟು ದೊಡ್ಡ ಮರುಭೂಮಿಗೆ ಎಷ್ಟು ಪೊಲೀಸರನ್ನು ಹಾಕುತ್ತೀರಿ?

ವಾಪಸ್ ಬಾರದ ಭಾಗ

ಎಲುಬು ಬಂತು. ಆದರೆ ಎಲ್ಲವೂ ಬರಲಿಲ್ಲ. ವಿಜ್ಞಾನಿಗೆ ಎಲುಬಿನಷ್ಟೇ ಮುಖ್ಯವಾದದ್ದು ಅದು ಬಿದ್ದಿದ್ದ ಜಾಗ. ಯಾವ ಪದರದಲ್ಲಿತ್ತು, ಪಕ್ಕದಲ್ಲಿ ಏನಿತ್ತು, ಹೇಗೆ ಮಲಗಿತ್ತು, ಸುತ್ತಲಿನ ಮಣ್ಣಲ್ಲಿ ನದಿಯ ಮರಳಿತ್ತೋ ಕೆಸರಿತ್ತೋ. ಕಳ್ಳರು ಇದ್ಯಾವುದನ್ನೂ ಬರೆದಿಟ್ಟುಕೊಳ್ಳುವುದಿಲ್ಲ. ಬೆಲೆ ಬರುವ ತಲೆ, ಹಲ್ಲು, ಉಗುರು ಕಿತ್ತುಕೊಂಡು ಉಳಿದದ್ದನ್ನು ಒಡೆದು ಬಿಟ್ಟುಹೋಗುತ್ತಾರೆ.

ಜಾಗ ಗೊತ್ತಾದರೆ ಎಷ್ಟು ವ್ಯತ್ಯಾಸ ಆಗುತ್ತದೆ ಅನ್ನುವುದಕ್ಕೆ ಡೈನೋಖೈರಸ್ ಎಂಬ ಡೈನೋಸಾರ್ ಸಾಕ್ಷಿ. 1965ರಲ್ಲಿ ಪೋಲೆಂಡ್-ಮಂಗೋಲಿಯಾ ತಂಡಕ್ಕೆ ಗೋಬಿಯಲ್ಲಿ ಎರಡು ಭಾರಿ ತೋಳುಗಳು ಸಿಕ್ಕಿದ್ದವು, ಒಂದೊಂದೂ ಸುಮಾರು 8 ಅಡಿ. ಯಾವ ಪ್ರಾಣಿಯ ತೋಳು ಅಂತ ದಶಕಗಟ್ಟಲೆ ಯಾರಿಗೂ ತಿಳಿಯಲಿಲ್ಲ. 2009ರಲ್ಲಿ ಬುಗೀನ್ ತ್ಸಾವ್ ಎಂಬಲ್ಲಿ ವಿಜ್ಞಾನಿಗಳಿಗೆ ಅದೇ ಜಾತಿಯ ಇನ್ನೊಂದು ಎಲುಬುಗೂಡು ಸಿಕ್ಕಿತು. ಆದರೆ ಕಳ್ಳರು ಮೊದಲೇ ಬಂದು ತಲೆ, ಪಾದ ಕಿತ್ತುಕೊಂಡು ಹೋಗಿದ್ದರು. ಆ ತಲೆ ಮತ್ತು ಪಾದ ಯುರೋಪಿನ ಖಾಸಗಿ ಸಂಗ್ರಹದಲ್ಲಿ ಪತ್ತೆಯಾಗಿ, 2014ರ ಮೇನಲ್ಲಿ ಮಂಗೋಲಿಯಾಕ್ಕೆ ಮರಳಿದವು. ಗುಂಡಿಯಲ್ಲಿ ಉಳಿದಿದ್ದ ಎಲುಬಿಗೆ ಅವು ಸರಿಯಾಗಿ ಹೊಂದಿಕೊಂಡವು. ಬೆನ್ನಿನ ಮೇಲೆ ಡುಬ್ಬ, ಬಾತುಕೋಳಿಯಂಥ ಮೂತಿ ಇರುವ ವಿಚಿತ್ರ ಪ್ರಾಣಿಯ ಪೂರ್ತಿ ರೂಪ ಜಗತ್ತಿಗೆ ಗೊತ್ತಾಯಿತು. ನ್ಯೂಯಾರ್ಕಿನಿಂದ ಬಂದ ಟಾರ್ಬೋಸಾರಸ್‌ಗೆ ಅಂಥ ಗುಂಡಿ ಸಿಕ್ಕಿಲ್ಲ. ನೆಮೆಗ್ಟ್ ಅನ್ನುವಷ್ಟರ ಮಟ್ಟಿಗೆ ವಿಳಾಸ ಗೊತ್ತು, ಅಷ್ಟೇ.

ಒಯುಂಗೆರೆಲ್ ಅವರ ಸಚಿವಗಿರಿಯೂ ಜಾಸ್ತಿ ದಿನ ಉಳಿಯಲಿಲ್ಲ. 2014ರ ನವೆಂಬರಿನಲ್ಲಿ ಪ್ರಧಾನಿ ಅಲ್ತನ್‌ಖುಯಾಗ್ ಅವರ ಸರ್ಕಾರವನ್ನು ಸಂಸತ್ತು ಕೆಳಗಿಳಿಸಿತು. ಸಂಸತ್ತಿನಿಂದ ಹೊರಬಂದ ಮೇಲೆ ಅವರು ಕೈಹಾಕಿದ ಕೆಲಸ ಕೇಳಿದರೆ ಆಶ್ಚರ್ಯ ಆಗುತ್ತದೆ: ಉಲಾನ್‌ಬಾತರಿನ ಸುತ್ತಲಿನ ಗೆರ್ (ದುಂಡನೆಯ ಗುಡಾರದ ಮನೆ) ಬಡಾವಣೆಗಳಲ್ಲಿ ಗುಂಡಿ ಕಕ್ಕಸು ಹೋಗಿ ಒಳ್ಳೆಯ ಶೌಚಾಲಯ ಬರಲಿ ಅನ್ನುವ ಚಳವಳಿ. ಡೈನೋಸಾರಿಗೂ ಶೌಚಾಲಯಕ್ಕೂ ಏನು ಸಂಬಂಧ ಅಂತ ಕೇಳಬಹುದು. ಇಲಾಖೆ ಎದ್ದೇಳಲಿ ಅಂತ ಕಾಯದೆ ತಾನೇ ಮೊದಲ ಫೋನು ಮಾಡುವ ಸ್ವಭಾವ ಎರಡರಲ್ಲೂ ಇದೆ.

ಮ್ಯೂಸಿಯಂ ಕಥೆಯೂ ಅಲ್ಲಿಗೆ ಮುಗಿಯಲಿಲ್ಲ. ಪ್ರಾಕೃತಿಕ ಇತಿಹಾಸದ ಹಳೇ ಕಟ್ಟಡವನ್ನು ವಿರೋಧದ ನಡುವೆಯೂ 2019ರಲ್ಲಿ ಕೆಡವಿದರು. ಡೈನೋಸಾರುಗಳಿದ್ದ ಆ ಜಾಗದಲ್ಲಿ 2022ರಲ್ಲಿ ತಲೆಯೆತ್ತಿದ್ದು ಚೆಂಗಿಸ್ ಖಾನ್ ರಾಷ್ಟ್ರೀಯ ಮ್ಯೂಸಿಯಂ.